ಕರುಳ ಬಳ್ಳಿಯೂ ನ್ಯಾಯದ ತಕ್ಕಡಿಯೂ

ಬಾನಾಡಿಯನ್ನು ಕುರಿತ ಷೆಲ್ಲಿಯ ಕವಿತೆಯನ್ನು ಓದದೆ ಕಾಲೇಜು ದಾಟಿದ ಇಂಗ್ಲಿಷ್ ವಿದ್ಯಾರ್ಥಿ ನಮ್ಮಲ್ಲಿ ವಿರಳ. ಆ ಕವಿಯ ನಾಸ್ತಿಕವಾದ, ಅವನ ದೇಶತ್ಯಾಗ, ಇಟಲಿಯ ಕಡಲಿನಲ್ಲಿ ಅವನಿಗೊದಗಿದ ಜಲಸಮಾಧಿ, ಇವೆಲ್ಲ ಪಾಠದ ಜೊತೆಜೊತೆಗೆ ಕಥೆಯಂತೆ ಬರುತ್ತವೆ. ಆದರೆ ಅವನು ತನ್ನ ಇಬ್ಬರು ಮಕ್ಕಳನ್ನು ನ್ಯಾಯಾಲಯವೊಂದರ ಆಜ್ಞೆಯಿಂದ ಕಳೆದುಕೊಂಡವನೆಂಬ ಸಂಗತಿ ಸಾಮಾನ್ಯವಾಗಿ ಅಡಿಟಿಪ್ಪಣಿಯಲ್ಲಿಯೇ ಉಳಿದುಬಿಡುತ್ತದೆ.

1816ನೆಯ ಇಸವಿಯ ಡಿಸೆಂಬರಿನಲ್ಲಿ ಅವನ ಮೊದಲ ಪತ್ನಿ ಹ್ಯಾರಿಯೆಟ್ಟಳ ದೇಹ ಲಂಡನ್ನಿನ ಹೈಡ್ ಪಾರ್ಕಿನ ಸರ್ಪೆಂಟೈನ್ ಕೊಳದಲ್ಲಿ ಸಿಕ್ಕಿತು. ಅದಕ್ಕೆ ಎರಡು ವರ್ಷಕ್ಕೂ ಹಿಂದೆಯೇ ಷೆಲ್ಲಿ ಆಕೆಯನ್ನು ತೊರೆದು ಮೇರಿ ಗಾಡ್ವಿನ್ನಳೊಡನೆ ಹೊರಟುಹೋಗಿದ್ದ. ಮೂರು ವರ್ಷದ ಇಯಾಂಥೆ, ಎರಡು ವರ್ಷದ ಚಾರ್ಲ್ಸ್, ಈ ಇಬ್ಬರು ತಬ್ಬಲಿಗಳನ್ನು ತನಗೆ ಒಪ್ಪಿಸಬೇಕೆಂದು ಅವನು ಕೇಳಿದ. ತಾಯಿಯ ಕಡೆಯವರು ಕೊಡೆವೆಂದರು. ವ್ಯಾಜ್ಯವು ಚಾನ್ಸರಿ ನ್ಯಾಯಾಲಯದ ಮೆಟ್ಟಿಲೇರಿತು. 1817ರ ಮಾರ್ಚಿ 27ರಂದು ಲಾರ್ಡ್ ಚಾನ್ಸಲರ್ ಎಲ್ಡನ್ನನು, ಮಕ್ಕಳನ್ನು ಈ ತಂದೆಗೆ ಕೊಡತಕ್ಕದ್ದಲ್ಲವೆಂದು ತೀರ್ಮಾನಿಸಿದನು. ಪುರಾವೆಯಾಗಿ ಕೋರ್ಟಿನ ಮೇಜಿನ ಮೇಲೆ ಬಂದವುಗಳಲ್ಲಿ 'ಕ್ವೀನ್ ಮ್ಯಾಬ್' ಎಂಬ ಅವನ ಕಾವ್ಯವೂ ಒಂದು!

ಇಲ್ಲಿ ಒಂದು ವಿಚಿತ್ರವಿದೆ. ಹೆಂಡತಿ ಮಕ್ಕಳನ್ನು ಬಿಟ್ಟುಹೋದವನೆಂಬ ನೇರವಾದ ಆಕ್ಷೇಪಣೆಗೆ ಷೆಲ್ಲಿ ಗುರಿಯಾಗಿದ್ದ. ಮಗ ಹುಟ್ಟುವ ವೇಳೆಗೆ ತಂದೆ ಮನೆಯಲ್ಲಿರಲಿಲ್ಲ. ಆದರೆ ತೀರ್ಪಿನ ಭಾರವೆಲ್ಲ ಬಿದ್ದದ್ದು ಅವನ ತತ್ತ್ವಗಳ ಮೇಲೆ ಮತ್ತು ಆ ತತ್ತ್ವಗಳಿಂದ ಹುಟ್ಟಿದ ನಡತೆಯ ಮೇಲೆ. ಇಂಥ ತಂದೆಯು ಮಕ್ಕಳಿಗೂ ಇಂಥದನ್ನೇ ಕಲಿಸಿಯಾನೆಂಬ ಭಯವೇ ಅಲ್ಲಿ ಪ್ರಧಾನವಾಯಿತು. ಆಗಿಹೋದ ಅಲಕ್ಷ್ಯವನ್ನು ಅಳೆಯುವುದಕ್ಕಿಂತ ಮುಂದೆ ಆಗಬಹುದಾದ ಅನರ್ಥವನ್ನು ಊಹಿಸುವುದು ನ್ಯಾಯಾಧೀಶನಿಗೆ ಸುಲಭವೆನಿಸಿತೋ ಏನೋ.

ಆದರೂ ಎಲ್ಡನ್ನನು ಒಂದು ಮಾತನ್ನು ಮಾತ್ರ ಆಡಲಿಲ್ಲ. ಈತನು ಇನ್ನು ಈ ಮಕ್ಕಳ ತಂದೆಯೇ ಅಲ್ಲವೆಂದು ಅವನು ಹೇಳಲಿಲ್ಲ. ಮಕ್ಕಳು ಬೇರೊಬ್ಬ ವೈದ್ಯನ ಮನೆಯಲ್ಲಿ ಬೆಳೆಯುವ ಏರ್ಪಾಡಾಯಿತು. ಖರ್ಚು ತಂದೆಯದು, ಹೆಸರು ತಂದೆಯದು, ಮೂರನೆಯವರ ಸಮ್ಮುಖದಲ್ಲಿ ಬಂದು ಕಾಣುವ ಅವಕಾಶವೂ ತಂದೆಗೆ ಉಳಿಯಿತು. ಹಕ್ಕು ಮೊಟಕಾಯಿತು, ನಂಟು ಉಳಿಯಿತು.

ಆ ಕೊನೆಯ ಮಾತನ್ನೂ ಆಡಬಲ್ಲ ನ್ಯಾಯಾಲಯವನ್ನು ಅದರ ಪೂರ್ಣರೂಪದಲ್ಲಿ ನೋಡಬೇಕಾದರೆ ಅಮೆರಿಕದ ಸಂಯುಕ್ತ ಸಂಸ್ಥಾನಕ್ಕೆ ಹೋಗಬೇಕು. ಮಗುವನ್ನು ಅಲಕ್ಷಿಸಿದ ತಂದೆತಾಯಿಗಳಿಂದ ಅದನ್ನು ತಾತ್ಕಾಲಿಕವಾಗಿ ತೆಗೆದು ಸಾಕುಮನೆಯಲ್ಲಿಡುವುದು ಅಲ್ಲಿ ಮೊದಲ ಹೆಜ್ಜೆ. ಕೊನೆಯ ಹೆಜ್ಜೆಯೆಂದರೆ ತಂದೆತಾಯಿತನದ ಹಕ್ಕನ್ನೇ ರದ್ದುಗೊಳಿಸುವುದು. ಆ ತೀರ್ಪಾದ ಮರುದಿನ ಹೆತ್ತವಳು ಆ ಮಗುವಿಗೆ ಕಾನೂನಿನ ಕಣ್ಣಿನಲ್ಲಿ ದಾರಿಹೋಕಳು. ನೋಡುವ ಹಕ್ಕಿಲ್ಲ, ಅದು ಎಲ್ಲಿದೆ, ಹೇಗಿದೆಯೆಂದು ಕೇಳುವ ಹಕ್ಕೂ ಇಲ್ಲ. ಮಗು ಬೇರೆಯವರಿಗೆ ದತ್ತು ಹೋಗಲು ಸ್ವತಂತ್ರವಾಯಿತು. ಜೈಲಿಗೆ ಹೋದವನು ಶಿಕ್ಷೆ ಮುಗಿಸಿ ಹಿಂದಿರುಗುತ್ತಾನೆ. ಆಸ್ತಿ ಹೋದವನು ಇನ್ನೊಂದು ಆಸ್ತಿ ಮಾಡಿಯಾನು. ಈ ತೀರ್ಪಿಗೆ ಅಂಥ ಹಿಂದಿರುಗುವಿಕೆ ಸಾಮಾನ್ಯವಾಗಿ ಇಲ್ಲ. (ದತ್ತು ಹೋಗದೆಯೇ ಬೆಳೆದುಬಿಟ್ಟ ಮಕ್ಕಳ ಮಟ್ಟಿಗೆ, ಕಡಿದುಹೋದ ಹಕ್ಕನ್ನು ಮರಳಿ ಜೋಡಿಸುವ ದಾರಿಯನ್ನು ಕೆಲವು ರಾಜ್ಯಗಳು ಈ ಶತಮಾನದಲ್ಲಿ ತೆರೆದಿವೆಯೆಂಬುದನ್ನೂ ಹೇಳಬೇಕು.)

ಸರಕಾರಕ್ಕೆ ಈ ಅಧಿಕಾರ ಎಲ್ಲಿಂದ ಬಂತು? ದಿಕ್ಕಿಲ್ಲದವರಿಗೆಲ್ಲ ದೊರೆಯೇ ತಂದೆಯೆಂಬ ಹಳೆಯ ಇಂಗ್ಲಿಷ್ ಸೂತ್ರದಿಂದ ಬಂತು. ಈ ಭಾವನೆ ನಮಗೂ ಹೊಸದಲ್ಲ. 'ರಘುವಂಶ'ದ ಆರಂಭದಲ್ಲಿ ಕಾಳಿದಾಸನು ದಿಲೀಪನನ್ನು ಹೊಗಳುತ್ತ, ಪ್ರಜೆಗಳನ್ನು ತಿದ್ದಿ ಕಾಪಾಡಿದ ಅವನೇ ಅವರ ನಿಜವಾದ ತಂದೆ, ಹೆತ್ತವರು ಜನ್ಮಕ್ಕೆ ಮಾತ್ರ ಕಾರಣರಾದವರು ಎಂಬ ಅರ್ಥ ಬರುವಂತೆ ಹೇಳುತ್ತಾನೆ. ಹೊಗಳಿಕೆಯಾಗಿ ಎಷ್ಟು ಸೊಗಸು! ಅದನ್ನೇ ಒಂದು ಶಾಸನದ ಕಲಮಾಗಿ ಓದಿಕೊಂಡರೆ ಮೈ ಜುಮ್ಮೆನ್ನುತ್ತದೆ.

ಹೊಡೆದದ್ದಕ್ಕೆ ಬಾಸುಂಡೆ ಸಾಕ್ಷಿ ಹೇಳುತ್ತದೆ. ಅಲಕ್ಷ್ಯಕ್ಕೆ ಸಾಕ್ಷಿ ಯಾವುದು? ಅಡಿಗೆಮನೆಯ ಡಬ್ಬಿಗಳು ಬರಿದು. ಚಳಿಗಾಲದಲ್ಲಿ ಮನೆಯೊಳಗೆ ಬೆಂಕಿಯಿಲ್ಲ. ಮಗು ಶಾಲೆಗೆ ಹೋಗಿ ತಿಂಗಳಾಯಿತು. ಜ್ವರ ಬಂದಾಗ ವೈದ್ಯರಿಗೆ ತೋರಿಸಿಲ್ಲ. ತಾಯಿ ರಾತ್ರಿಪಾಳಿಗೆ ಹೋದಾಗ ಎಂಟು ವರ್ಷದ ಅಕ್ಕ ಎರಡು ವರ್ಷದ ತಮ್ಮನನ್ನು ಕಾಯುತ್ತಾಳೆ. ಇವುಗಳಲ್ಲಿ ಯಾವುದು ಅಲಕ್ಷ್ಯ, ಯಾವುದು ಬರಿಯ ಬಡತನ? ಅಮೆರಿಕದಲ್ಲಿ ಮಕ್ಕಳಿಗೆ ಅನ್ಯಾಯವಾಗಿದೆಯೆಂದು ಅಧಿಕಾರಿಗಳು ಖಚಿತಪಡಿಸಿದ ಪ್ರಕರಣಗಳ ಪೈಕಿ ಸುಮಾರು ನಾಲ್ಕರಲ್ಲಿ ಮೂರು ಪಾಲು ಈ ಅಲಕ್ಷ್ಯದ ಬಗೆಯವು. ಹೊಡೆತ ಬಡಿತದವು ಅವುಗಳ ಮುಂದೆ ತೀರ ಕಡಮೆ. ಹೀಗಾಗಿ ಯಾರ ಮನೆಯ ಬಾಗಿಲನ್ನು ಅಧಿಕಾರಿ ತಟ್ಟುತ್ತಾನೆಂಬುದನ್ನು ಊಹಿಸುವುದು ಕಷ್ಟವಲ್ಲ.

ಬಾಗಿಲು ತಟ್ಟುವ ಪದ್ಧತಿ ಪ್ರಾರಂಭವಾದುದು ಮಾತ್ರ ನಿಜವಾದ ಕರುಣೆಯಿಂದಲೇ. 1874ರಲ್ಲಿ ನ್ಯೂಯಾರ್ಕಿನ ಒಂದು ಬಾಡಿಗೆ ಮನೆಯಲ್ಲಿ ಮೇರಿ ಎಲೆನ್ ಎಂಬ ಹುಡುಗಿಯನ್ನು ಸಾಕುತಾಯಿ ದಿನವೂ ಚಾವಟಿಯಿಂದ ಹೊಡೆಯುತ್ತಿದ್ದಳು. ಎಟ್ಟಾ ವೀಲರ್ ಎಂಬ ಸೇವಾವ್ರತಿ ಹೆಂಗಸು ಎಲ್ಲಿ ದೂರು ಕೊಟ್ಟರೂ ಕೇಳುವವರಿಲ್ಲವಾಗಿ, ಕೊನೆಗೆ ಪ್ರಾಣಿದಯಾ ಸಂಘದ ಹೆನ್ರಿ ಬರ್ಗನ ಬಳಿಗೆ ಹೋದಳು. ಮಗುವೂ ಒಂದು ಪ್ರಾಣಿಯೆಂದು ವಾದಿಸಿ ಬರ್ಗನು ಅದನ್ನು ಬಿಡಿಸಿದನೆಂಬ ಕಥೆ ಇಂದಿಗೂ ಪುಸ್ತಕದಿಂದ ಪುಸ್ತಕಕ್ಕೆ ದಾಟುತ್ತಿದೆ. ಕಥೆ ಚೆನ್ನಾಗಿದೆ, ನಿಜವಲ್ಲ. ವಕೀಲ ಎಲ್ಬ್ರಿಜ್ ಗೆರ್ರಿ ಉಪಯೋಗಿಸಿದ್ದು ಮನುಷ್ಯರಿಗೆಂದೇ ಇದ್ದ ಹೇಬಿಯಸ್ ಕಾರ್ಪಸ್ ಮಾದರಿಯ ಆಜ್ಞೆಯನ್ನು. ಹುಡುಗಿ ಪಾರಾದಳು, ಸಾಕುತಾಯಿಗೆ ಒಂದು ವರ್ಷದ ಸಜೆಯಾಯಿತು. ಅದರ ಬೆನ್ನಲ್ಲೇ ಮಕ್ಕಳ ಮೇಲಿನ ಕ್ರೌರ್ಯವನ್ನು ತಡೆಯುವ ಸಂಘ ನ್ಯೂಯಾರ್ಕಿನಲ್ಲಿ ಹುಟ್ಟಿತು, ಆಮೇಲೆ ಊರೂರಿನಲ್ಲಿಯೂ ಹುಟ್ಟಿದವು. ಕೆಲವೇ ವರ್ಷಗಳಲ್ಲಿ ವಲಸೆಗಾರರ ಕೇರಿಗಳಲ್ಲಿ ಬಡ ತಾಯಂದಿರು ಆ ಸಂಘಗಳಿಗೆ ಒಂದು ಅಡ್ಡಹೆಸರಿಟ್ಟರು: 'ಕ್ರೌರ್ಯ'. ಕ್ರೌರ್ಯವನ್ನು ತಡೆಯಲು ಬಂದವರ ಹೆಸರಿನಲ್ಲಿ ಜನ ಮೊದಲ ಪದವನ್ನಷ್ಟೇ ಉಳಿಸಿಕೊಂಡಿದ್ದರು.

ಅಲಕ್ಷ್ಯವೆಂಬ ಮಾತು ನೋಡುವವರ ಕಣ್ಣಿನಲ್ಲಿ ಹೇಗೆ ಬಣ್ಣ ಬದಲಾಯಿಸುತ್ತದೆಂಬುದಕ್ಕೆ ಆ ದೇಶದ ಮೂಲನಿವಾಸಿಗಳ ಅನುಭವಕ್ಕಿಂತ ಬೇರೆ ನಿದರ್ಶನ ಬೇಕಿಲ್ಲ. ಆ ಬುಡಕಟ್ಟುಗಳಲ್ಲಿ ಮಗುವನ್ನು ಅಜ್ಜಿಯ ಬಳಿಯೋ ಚಿಕ್ಕಮ್ಮನ ಬಳಿಯೋ ತಿಂಗಳುಗಟ್ಟಲೆ ಬಿಡುವುದು ವಾಡಿಕೆ. ಪಟ್ಟಣದಿಂದ ಬಂದ ಸಮಾಜಸೇವಕರು ಅದನ್ನು ನೋಡಿ, ತಾಯಿ ಮಗುವನ್ನು ತೊರೆದಳೆಂದು ಬರೆದುಕೊಂಡರು. ಈ ಬರಹಗಾರನೂ ಅಕ್ಷರಾಭ್ಯಾಸದಿಂದ ನಾಲ್ಕನೆಯ ತರಗತಿಯವರೆಗೆ ಸೋದರಮಾವನ ಮನೆಯಲ್ಲಿ ಬೆಳೆದವನೇ; ಆ ಕಾಲದ ನಮ್ಮ ಅರ್ಧ ಊರೇ ಹಾಗೆ ಬೆಳೆದದ್ದು. ಅಂಥ ಒಬ್ಬ ಅಧಿಕಾರಿ ಅಂದು ನಮ್ಮ ಬೀದಿಗೆ ಬಂದಿದ್ದರೆ ನನ್ನ ತಾಯಿಯ ಹೆಸರಿನ ಮುಂದೆ ಏನು ಬರೆಯುತ್ತಿದ್ದನೋ ಎಂದು ಯೋಚಿಸಿದರೆ ನಗುವೂ ಬರುತ್ತದೆ, ಭಯವೂ ಆಗುತ್ತದೆ. 1969ರಲ್ಲಿಯೂ 1974ರಲ್ಲಿಯೂ ನಡೆದ ಸಮೀಕ್ಷೆಗಳು ಅಮೆರಿಕದ ಸಂಸತ್ತಿನ ಮುಂದೆ ಬಂದುವು: ಮೂಲನಿವಾಸಿಗಳ ಮಕ್ಕಳಲ್ಲಿ ನೂರಕ್ಕೆ 25ರಿಂದ 35ರಷ್ಟು ಮಂದಿ ತಮ್ಮ ಮನೆಗಳಿಂದ ಬೇರೆಯಾಗಿ ಸಾಕುಮನೆಗಳಲ್ಲೋ ದತ್ತುಮನೆಗಳಲ್ಲೋ ಸಂಸ್ಥೆಗಳಲ್ಲೋ ಇದ್ದರು. 1978ರಲ್ಲಿ ಅವರಿಗಾಗಿಯೇ ಒಂದು ಕಾಯಿದೆಯಾಯಿತು. ಅದರ ಪ್ರಕಾರ ಮೂಲನಿವಾಸಿ ತಾಯಿಯ ಹಕ್ಕನ್ನು ಕಡಿಯಬೇಕಾದರೆ ಕೊಲೆಗಡುಕನನ್ನು ಶಿಕ್ಷಿಸುವಾಗ ಬೇಕಾಗುವಷ್ಟೇ ರುಜುವಾತು, ಅಂದರೆ ಸಂಶಯಕ್ಕೆ ಎಡೆಯಿಲ್ಲದಂಥ ರುಜುವಾತು ಬೇಕು. ಆ ಕಾಯಿದೆಯನ್ನು ಪ್ರಶ್ನಿಸಿದಾಗ 2023ರ ಜೂನ್ 15ರಂದು ಸರ್ವೋಚ್ಚ ನ್ಯಾಯಾಲಯವು 7 ಮಂದಿಯ ಬಹುಮತದಿಂದ ಅದನ್ನು ಎತ್ತಿಹಿಡಿಯಿತು.

ರುಜುವಾತಿನ ಮಾತು ಬಂತು. ಈ ವಿಷಯದ ಜೀವಾಳವಿರುವುದು ಅಲ್ಲಿಯೇ ಎಂದು ನನ್ನ ಭಾವನೆ. ಒಳ್ಳೆಯ ತಾಯಿ ಯಾರು, ಕೆಟ್ಟ ತಾಯಿ ಯಾರು ಎಂಬುದನ್ನು ಯಾವ ಕಾನೂನೂ ಬರೆದು ಮುಗಿಸಲಾರದು. ಆದಕಾರಣ, ಎಷ್ಟು ಖಚಿತವಾದ ಮೇಲೆ ಕತ್ತರಿಯನ್ನು ಕೈಗೆತ್ತಿಕೊಳ್ಳಬೇಕು, ಎತ್ತಿಕೊಳ್ಳುವ ಮೊದಲು ಎದುರಿಗಿರುವ ತಾಯಿಗೆ ಏನೇನು ಅವಕಾಶ ಕೊಡಬೇಕು ಎಂಬುದೇ ಮುಖ್ಯವಾಗುತ್ತದೆ. ವಕೀಲರಿಗೆ ಇದು ಕ್ರಮವಿಧಿಯ ಒಣ ಚರ್ಚೆಯಾಗಿ ಕಂಡೀತು. ಕಟಕಟೆಯ ಬಳಿ ನಿಂತ ಹೆಂಗಸಿಗೆ ಅದೇ ಸರ್ವಸ್ವ.

ಉತ್ತರ ಕೆರೊಲಿನಾದ ಡರಮ್ ಎಂಬಲ್ಲಿ ಅಂಥ ಒಬ್ಬ ಹೆಂಗಸು ನಿಂತಿದ್ದಳು. ಅವಳ ಹಸುಳೆಗೆ ತಕ್ಕ ವೈದ್ಯೋಪಚಾರ ಮಾಡಿಸಿಲ್ಲವೆಂದು 1975ರಲ್ಲಿ ಅದನ್ನು ಸರಕಾರ ತನ್ನ ವಶಕ್ಕೆ ತೆಗೆದುಕೊಂಡಿತು. ಮರುವರ್ಷ ಅವಳೇ ಕೊಲೆಯ ಅಪರಾಧಿಯೆಂದು ತೀರ್ಮಾನವಾಗಿ 25ರಿಂದ 40 ವರ್ಷಗಳ ಸಜೆಗೆ ಜೈಲು ಸೇರಿದಳು. 1978ರಲ್ಲಿ, ಮಗುವಿನ ಮೇಲಿನ ಅವಳ ಹಕ್ಕನ್ನು ರದ್ದುಮಾಡಬೇಕೆಂದು ಇಲಾಖೆ ಅರ್ಜಿ ಹಾಕಿತು. ವಿಚಾರಣೆಗೆ ಅವಳನ್ನು ಜೈಲಿನಿಂದ ಕರೆತಂದರು. ಇಲಾಖೆಯ ಕಡೆಗೆ ವಕೀಲರಿದ್ದರು, ಅವಳ ಕಡೆಗೆ ಯಾರೂ ಇರಲಿಲ್ಲ. ಸಮಾಜಸೇವಕಿಯ ಹೇಳಿಕೆ ಮುಗಿದ ಮೇಲೆ, ಪಾಟೀಸವಾಲು ಮಾಡೆಂದು ನ್ಯಾಯಾಧೀಶರು ಅವಳಿಗೇ ಹೇಳಿದರು. ಅವಳು ಬಾಯಿ ತೆರೆದಾಗ ಬಂದದ್ದು ಪ್ರಶ್ನೆಗಳಲ್ಲ, ಅಳಲು. ಇವು ಪ್ರಶ್ನೆಗಳಲ್ಲ, ವಾದ ಎಂದು ನ್ಯಾಯಾಧೀಶರು ಅವುಗಳಲ್ಲಿ ಹಲವನ್ನು ತಳ್ಳಿಹಾಕಿದರು. ಮಗು ತನ್ನ ತಾಯಿಯ ಹತ್ತಿರ, ಅಂದರೆ ಅದರ ಅಜ್ಜಿಯ ಹತ್ತಿರ ಇರಲಿ, ಅದಕ್ಕೆ ತನ್ನವರ ಗುರುತು ಇದ್ದೇ ಇದೆಯೆಂದು ಅವಳು ಹೇಳಿಕೊಂಡಳು. ಹಕ್ಕು ರದ್ದಾಯಿತು.

ಬಡವರಿಗೆ ಇಂಥ ವಿಚಾರಣೆಯಲ್ಲಿ ಸರಕಾರವೇ ವಕೀಲರನ್ನು ಕೊಡಬೇಕಲ್ಲವೆ ಎಂಬ ಪ್ರಶ್ನೆ 'ಲ್ಯಾಸಿಟರ್' ಎಂಬ ಹೆಸರಿನ ಮೊಕದ್ದಮೆಯಾಗಿ ವಾಷಿಂಗ್ಟನ್ನಿನ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಯಿತು. 1981ರ ಜೂನ್ 1ರಂದು ಒಂಬತ್ತು ಮಂದಿ ನ್ಯಾಯಮೂರ್ತಿಗಳಲ್ಲಿ ಐವರು, ಎಲ್ಲ ಪ್ರಕರಣಗಳಲ್ಲಿಯೂ ಕೊಡಲೇಬೇಕೆಂದು ಸಂವಿಧಾನ ವಿಧಿಸುವುದಿಲ್ಲ, ಆಯಾ ಪ್ರಕರಣ ನೋಡಿ ತೀರ್ಮಾನಿಸಬೇಕು ಎಂದರು. ಈ ತಾಯಿಗೆ ವಕೀಲನಿದ್ದರೂ ಫಲ ಬೇರೆಯಾಗುತ್ತಿರಲಿಲ್ಲವೆಂಬುದು ಅವರ ಮತ. ಹಾಗಿದ್ದೀತು. ಆದರೆ ಪ್ರಶ್ನೆ ಕೇಳುವುದು ಹೇಗೆಂದು ತಿಳಿಯದವಳ ಪ್ರಶ್ನೆಗಳಲ್ಲಿ ಹುರುಳಿರಲಿಲ್ಲವೆಂದು ಹೇಳುವುದು ಎಂಥ ತರ್ಕ? ಅದೇ ವೇಳೆಗೆ 33 ರಾಜ್ಯಗಳು ತಮ್ಮ ತಮ್ಮ ಕಾಯಿದೆಗಳಿಂದಲೇ ಇಂಥ ತಾಯಂದಿರಿಗೆ ವಕೀಲರನ್ನು ಒದಗಿಸುತ್ತಿದ್ದವು. ಭಿನ್ನಮತ ಬರೆದವರಲ್ಲಿ ಹ್ಯಾರಿ ಬ್ಲ್ಯಾಕ್‌ಮನ್ ಒಬ್ಬರು.

ಒಂದು ವರ್ಷವೂ ತುಂಬುವುದರೊಳಗೆ, 1982ರ ಮಾರ್ಚಿ 24ರಂದು, ಅದೇ ಬ್ಲ್ಯಾಕ್‌ಮನ್ನರು ಬಹುಮತದ ತೀರ್ಪನ್ನು ಬರೆದರು. ಮೊಕದ್ದಮೆಯ ಹೆಸರು 'ಸ್ಯಾಂಟೋಸ್ಕಿ ವಿರುದ್ಧ ಕ್ರೇಮರ್'. ಈ ಸಲವೂ ಐವರು ಒಂದು ಕಡೆ, ನಾಲ್ವರು ಒಂದು ಕಡೆ. ಹಿಂದಿನ ವರ್ಷ ಆ ಕಡೆಯಲ್ಲಿದ್ದ ನ್ಯಾಯಮೂರ್ತಿ ಪವೆಲ್ಲರು ಈಗ ಈ ಕಡೆಗೆ ಬಂದಿದ್ದರು. ಸಾವಿರಾರು ಮನೆಗಳ ಹಣೆಬರಹ ಕೆಲವು ವೇಳೆ ಹೀಗೆ ಒಬ್ಬರ ಮನಸ್ಸಿನ ಹೊರಳುವಿಕೆಯ ಮೇಲೆ ನಿಲ್ಲುತ್ತದೆ.

ನ್ಯೂಯಾರ್ಕ್ ರಾಜ್ಯದ ಅಲ್ಸ್ಟರ್ ಕೌಂಟಿಯ ಬಡ ದಂಪತಿಗಳು. 1973ರ ನವೆಂಬರಿನಲ್ಲಿ ಅವರ ಹಿರಿಯ ಮಗಳನ್ನು ಅಲಕ್ಷ್ಯದ ಕಾರಣದಿಂದ ಅಧಿಕಾರಿಗಳು ತೆಗೆದುಕೊಂಡು ಹೋದರು. ಸುಮಾರು ಹತ್ತು ತಿಂಗಳ ಮೇಲೆ ಮಗನನ್ನೂ ಒಯ್ದರು. ಅವನನ್ನು ಒಯ್ದ ದಿನವೇ ತಾಯಿ ಮೂರನೆಯ ಮಗುವನ್ನು ಹೆತ್ತಳು. ಆ ಮಗುವಿಗೆ ಮೂರು ದಿನವಾದಾಗ ಅದನ್ನೂ ಸಾಕುಮನೆಗೆ ಸಾಗಿಸಿದರು. ನಾಲ್ಕು ವರ್ಷಗಳ ತರುವಾಯ, 1978ರ ಅಕ್ಟೋಬರಿನಲ್ಲಿ, ಮೂವರ ಮೇಲಿನ ಹಕ್ಕನ್ನೂ ರದ್ದುಮಾಡಬೇಕೆಂದು ಅರ್ಜಿ ಬಂತು. ತಂದೆತಾಯಿ ಮಕ್ಕಳನ್ನು ನೋಡಲು ಹೋಗುತ್ತಿದ್ದರು, ನಿಜ. ಆದರೆ ಆ ಭೇಟಿಗಳು ಮೇಲುಮೇಲಿನವು, ಅವುಗಳಲ್ಲಿ ನಿಜವಾದ ಭಾವವಿರಲಿಲ್ಲವೆಂದು ಕುಟುಂಬ ನ್ಯಾಯಾಲಯ ಕಂಡುಕೊಂಡಿತು. ಸರಕಾರಿ ಕೋಣೆಯಲ್ಲಿ, ಗಡಿಯಾರ ನೋಡುತ್ತ ಕುಳಿತ ಅಧಿಕಾರಿಯ ಎದುರಿನಲ್ಲಿ, ಅಪರೂಪಕ್ಕೆ ಕಾಣುವ ಮಗುವಿನೊಡನೆ ಭಾವವನ್ನು ತೋರಿಸಬೇಕಾದ ರೀತಿ ಯಾವುದೋ!

ನ್ಯೂಯಾರ್ಕಿನ ಅಂದಿನ ಕಾನೂನಿನಂತೆ ಸಾಕ್ಷ್ಯದ ತೂಕ ಸರಕಾರದ ಕಡೆಗೆ ಕೊಂಚ ಹೆಚ್ಚಾದರೆ ಸಾಕಿತ್ತು. ನಮ್ಮ ಅಕ್ಕಸಾಲಿಗರ ಮಾತಿನಲ್ಲಿ ಹೇಳುವುದಾದರೆ, ತಕ್ಕಡಿಯ ಆ ತಟ್ಟೆಯಲ್ಲಿ ಒಂದು ಗುಲಗಂಜಿ ಹೆಚ್ಚು ಬಿದ್ದರೆ ಮಕ್ಕಳು ಹೋದಂತೆಯೇ. ಹಣಕಾಸಿನ ದಾವೆಗಳಿಗೆ ಈ ಅಳತೆ ಸರಿ. ಅಲ್ಲಿ ತಪ್ಪು ತೀರ್ಪಾದರೆ ಇಬ್ಬರಲ್ಲಿ ಯಾರಿಗೆ ನಷ್ಟವಾದರೂ ನಷ್ಟ ಒಂದೇ ಬಗೆಯದು. ಇಲ್ಲಿ ಹಾಗಲ್ಲವೆಂದು ಬ್ಲ್ಯಾಕ್‌ಮನ್ನರು ತೋರಿಸಿದರು. ಹಕ್ಕನ್ನು ಉಳಿಸಿ ತಪ್ಪು ಮಾಡಿದರೆ ಮಗು ಸಾಕುಮನೆಯಲ್ಲಿ ಈಗಿರುವ ಅನಿಶ್ಚಿತ ಸ್ಥಿತಿಯಲ್ಲಿಯೇ ಇನ್ನಷ್ಟು ದಿನ ಇರುತ್ತದೆ. ಹಕ್ಕನ್ನು ಕಡಿದು ತಪ್ಪು ಮಾಡಿದರೆ ಒಂದು ಕುಟುಂಬವೇ ನಾಶವಾಗುತ್ತದೆ. ಅದೂ ಅಲ್ಲದೆ ಎದುರಾಳಿಗಳು ಸಮಬಲರಲ್ಲ. ಭೇಟಿ ಎಷ್ಟು ಸಲ, ಎಲ್ಲಿ, ಎಷ್ಟು ಹೊತ್ತು ಎಂಬುದನ್ನು ನಿಶ್ಚಯಿಸುವುದು ಸರಕಾರ. ಆ ಭೇಟಿಗಳು ಸಾಲವೆಂದು ಬಂದು ಸಾಕ್ಷಿ ಹೇಳುವುದೂ ಸರಕಾರವೇ. ಆಟವನ್ನು ನಡೆಸುವವನೇ ಆಟದ ಲೆಕ್ಕವನ್ನೂ ಬರೆಯುತ್ತಾನೆ. ಆದುದರಿಂದ ಸಾಕ್ಷ್ಯವು ಸ್ಪಷ್ಟವೂ ಮನವರಿಕೆಯಾಗುವಂಥದೂ ಆಗಿರಬೇಕೆಂಬ ನಡುವಣ ಅಳತೆಯನ್ನು ಅವರು ಇಡೀ ದೇಶಕ್ಕೆ ಗೊತ್ತುಮಾಡಿದರು. ತೀರ್ಪಿನ ಒಂದು ಅಡಿಟಿಪ್ಪಣಿ ತೀರ್ಪಿಗಿಂತ ಹೆಚ್ಚು ಮಾತಾಡುತ್ತದೆ: ಅದೇ ನ್ಯೂಯಾರ್ಕಿನಲ್ಲಿ ರಸ್ತೆಯ ಸಂಚಾರನಿಯಮ ಮುರಿದವನಿಗೆ ದಂಡ ಹಾಕಲು ಈ ಮೇಲ್ಮಟ್ಟದ, ಸ್ಪಷ್ಟವಾದ ಸಾಕ್ಷ್ಯ ಬೇಕಾಗಿತ್ತು. ವಾಹನ ತಪ್ಪಾಗಿ ಓಡಿಸಿದ ಆರೋಪಕ್ಕೆ ಇದ್ದ ರಕ್ಷಣೆ ತಾಯಿತನಕ್ಕೆ ಇರಲಿಲ್ಲ.

ಇಷ್ಟಕ್ಕೇ ನಿಲ್ಲಿಸಿದರೆ ವಾಚಕರಿಗೆ ಅರ್ಧ ಸತ್ಯವನ್ನು ಹೇಳಿದಂತಾಗುತ್ತದೆ. ನ್ಯಾಯಮೂರ್ತಿ ರೆನ್‌ಕ್ವಿಸ್ಟರ ಭಿನ್ನಮತದಲ್ಲಿ ಬಹುಮತದ ತೀರ್ಪು ವಿವರವಾಗಿ ಹೇಳದೆ ಬಿಟ್ಟದ್ದೆಲ್ಲ ಇದೆ. ಹಿರಿಯ ಮಗಳ ತೊಡೆಯ ಮೂಳೆ ಮುರಿದಿತ್ತು. ಮನೆಯಲ್ಲೇ ಮಾಡಿದ ದಬ್ಬೆ ಕಟ್ಟಿದ್ದರು. ಮೈಮೇಲೆ ಹಲವೆಡೆ ಕಂದಿದ ಗಾಯಗಳಿದ್ದುವು. ವರ್ಷ ತುಂಬದ ಮಗ ಆಸ್ಪತ್ರೆಗೆ ಬಂದಾಗ ಹೊಟ್ಟೆಗಿಲ್ಲದೆ ಸೊರಗಿದ್ದ. ಹಣೆ ಕಣ್ಣುಗಳಲ್ಲಿ ಜಜ್ಜಿದ ಗುರುತು, ಕೈಯಲ್ಲಿ ಬೊಕ್ಕೆ, ಬೆನ್ನಿನಲ್ಲಿ ಸೂಜಿ ಚುಚ್ಚಿದ ಅನೇಕ ಕಲೆಗಳು. ಈ ಕುಟುಂಬವನ್ನು ಸರಿಪಡಿಸಲು ಸರಕಾರ ನಾಲ್ಕೂವರೆ ವರ್ಷ ಶ್ರಮಿಸಿತ್ತು, 15 ಸಾವಿರ ಡಾಲರಿಗೂ ಮೇಲ್ಪಟ್ಟು ವೆಚ್ಚಮಾಡಿತ್ತು. ಸಾಕುಮನೆಯ ಅನಿಶ್ಚಿತ ಸ್ಥಿತಿ ಮಗುವಿಗೆ ಸಹ್ಯವೆಂದು ಬಹುಮತದವರು ಭಾವಿಸಿದಂತಿದೆ, ಅದು ಸಹ್ಯವಲ್ಲ ಎಂಬುದು ರೆನ್‌ಕ್ವಿಸ್ಟರ ವಾದ. ಈ ಪುಟಗಳನ್ನು ಓದಿದ ಮೇಲೆ ಸ್ವಲ್ಪ ಹೊತ್ತು ಪುಸ್ತಕ ಮುಚ್ಚಿಡಬೇಕಾಯಿತೆಂದು ಒಪ್ಪಿಕೊಳ್ಳುತ್ತೇನೆ. ಆದರೆ ಆ ಕಡತದಲ್ಲಿ ಇನ್ನೊಂದು ಸಂಗತಿಯೂ ಇತ್ತು. ಮೂವರನ್ನು ಕಳೆದುಕೊಂಡ ಮೇಲೆ ಆ ದಂಪತಿಗಳಿಗೆ ಮತ್ತಿಬ್ಬರು ಮಕ್ಕಳಾಗಿದ್ದರು. ಅವರನ್ನು ಸರಕಾರ ಮುಟ್ಟಲಿಲ್ಲ. ಆ ಇಬ್ಬರನ್ನು ಸಾಕಲು ಈ ತಂದೆತಾಯಿ ಶಕ್ತರೆನ್ನುತ್ತೀರಾ ಎಂದು ಕೇಳಿದಾಗ ಸರಕಾರದ ಕಡೆಯ ವಕೀಲರು ಹೌದೆಂದರು. ಮೂವರಿಗೆ ಅಯೋಗ್ಯರು, ಇಬ್ಬರಿಗೆ ಯೋಗ್ಯರು!

ಸರ್ವೋಚ್ಚ ನ್ಯಾಯಾಲಯ ಮಕ್ಕಳನ್ನು ಯಾರಿಗೂ ಕೊಡಲಿಲ್ಲ. ಹೊಸ ಅಳತೆಯಿಂದ ಮತ್ತೆ ತೂಗಿರೆಂದು ಪ್ರಕರಣವನ್ನು ಹಿಂದಕ್ಕೆ ಕಳುಹಿಸಿತು.

ಬ್ಲ್ಯಾಕ್‌ಮನ್ನರನ್ನು ತಂದೆತಾಯಿಗಳ ಪಕ್ಷಪಾತಿಯೆಂದು ತಿಳಿದವರಿಗೆ 1989ರಲ್ಲಿ ಆಶ್ಚರ್ಯ ಕಾದಿತ್ತು. ವಿಸ್ಕಾನ್ಸಿನ್ನಿನ ನಾಲ್ಕು ವರ್ಷದ ಬಾಲಕನೊಬ್ಬನನ್ನು ಅವನ ತಂದೆ 1984ರಲ್ಲಿ, ಮಿದುಳು ಮತ್ತೆಂದೂ ಚೇತರಿಸಲಾರದಂತೆ ಹೊಡೆದಿದ್ದ. ಅದಕ್ಕೆ ಮೊದಲು ತಿಂಗಳುಗಟ್ಟಲೆ ಸಮಾಜಸೇವಕಿ ಆ ಮನೆಗೆ ಹೋಗಿ ಬರುತ್ತಿದ್ದಳು; ಹುಡುಗನ ತಲೆಯ ಗಾಯಗಳನ್ನು ಬರೆದಿಟ್ಟುಕೊಂಡಿದ್ದಳು; ಮತ್ತೇನೂ ಮಾಡಿರಲಿಲ್ಲ. ಮಗುವನ್ನು ಕಾಪಾಡದೆ ಹೋದುದಕ್ಕೆ ಸಂವಿಧಾನದಂತೆ ಸರಕಾರ ಹೊಣೆಯಲ್ಲವೆಂದು ಆರು ನ್ಯಾಯಮೂರ್ತಿಗಳು ತೀರ್ಮಾನಿಸಿದರು. ಆ ತೀರ್ಪನ್ನು ಬರೆದವರು ಅಷ್ಟರಲ್ಲಿ ಮುಖ್ಯ ನ್ಯಾಯಮೂರ್ತಿಗಳಾಗಿದ್ದ ರೆನ್‌ಕ್ವಿಸ್ಟರು. ಬ್ಲ್ಯಾಕ್‌ಮನ್ನರು ತಮ್ಮ ಭಿನ್ನಮತದಲ್ಲಿ ಕಾನೂನಿನ ಭಾಷೆಯನ್ನು ಬದಿಗಿಟ್ಟು ಆ ಬಾಲಕನ ಹೆಸರು ಹಿಡಿದು ಮರುಗಿದರು. 1982ರಲ್ಲಿ ಮಗುವಿನ ಬೆನ್ನಿನ ಸೂಜಿಗಲೆಗಳನ್ನು ಎಣಿಸಿದವರು ಇಲ್ಲಿ ಸರಕಾರವನ್ನು ಬಿಡಿಸಿದರು. ಅಲ್ಲಿ ತಂದೆತಾಯಿಗಳಿಗಾಗಿ ವಾದಿಸಿದವರು ಇಲ್ಲಿ ಮಗುವಿಗಾಗಿ ಕಣ್ಣೀರಿಟ್ಟರು. ಇಬ್ಬರಲ್ಲಿ ಯಾರನ್ನೂ ನಾನು ಆತ್ಮವಂಚಕರೆನ್ನಲಾರೆ. ಬೇಗ ಕಡಿದರೂ ತಪ್ಪು, ತಡವಾದರೂ ತಪ್ಪು ಎಂಬ ಕತ್ತಿಯಂಚಿನ ಮೇಲೆ ನಡೆಯುವವರ ಹೆಜ್ಜೆಗಳು ನೇರವಾಗಿರುವುದು ಕಷ್ಟ.

ತಡದ ತಪ್ಪಿಗೆ ಮದ್ದಾಗಿ 1997ರಲ್ಲಿ ಇನ್ನೊಂದು ಕಾಯಿದೆ ಬಂತು. ಕಳೆದ 22 ತಿಂಗಳಲ್ಲಿ 15 ತಿಂಗಳು ಸಾಕುಮನೆಯಲ್ಲಿದ್ದ ಮಗುವಿನ ವಿಷಯದಲ್ಲಿ ತಂದೆತಾಯಿಗಳ ಹಕ್ಕಿನ ರದ್ದಿಗೆ ರಾಜ್ಯ ಅರ್ಜಿ ಹಾಕತಕ್ಕದ್ದೆಂದು ಅದು ವಿಧಿಸಿತು. ಬಂಧುಗಳ ಮನೆಯಲ್ಲಿರುವ ಮಗುವಿಗೂ ಇನ್ನು ಕೆಲವು ಸಂದರ್ಭಗಳಿಗೂ ವಿನಾಯಿತಿಯುಂಟು. ಮಗುವಿನ ಕಾಲಮಾನ ಬೇರೆ, ನಮ್ಮದು ಬೇರೆ. ಎರಡು ವರ್ಷದ ಕೂಸಿಗೆ ಹದಿನೈದು ತಿಂಗಳೆಂದರೆ ಆಯುಷ್ಯದ ಅರ್ಧಕ್ಕೂ ಹೆಚ್ಚು. ಅಷ್ಟರಲ್ಲಿ ಅದು ಸಾಕುತಾಯಿಯ ಸೆರಗನ್ನು ಹಿಡಿದಿರುತ್ತದೆ. ಗಂಗೆಯಲ್ಲಿ ತೇಲಿಬಂದ ಮಗುವನ್ನು ಎತ್ತಿಕೊಂಡ ರಾಧೆಯನ್ನು ನಮ್ಮ ಜನ ಮರೆತಿಲ್ಲ. ಹೆತ್ತ ಕುಂತಿ ತಾನಾಗಿ ಬಂದು ಕರೆದಾಗಲೂ ಕರ್ಣನು ರಾಧೇಯನಾಗಿಯೇ ಉಳಿದ. ಆದರೆ ಕುಂತಿಗೆ ಯಾರೂ ಗಡುವು ಕೊಟ್ಟಿರಲಿಲ್ಲ. ಕುಡಿತವನ್ನೋ ಅಮಲುಮದ್ದನ್ನೋ ಬಿಡಲು ಹೆಣಗುತ್ತಿರುವ ತಾಯಿಗೆ, ಇರಲು ಮನೆ ಸಿಗದ ತಾಯಿಗೆ, ಸಜೆಯ ಮೇಲಿರುವ ತಾಯಿಗೆ ಹದಿನೈದು ತಿಂಗಳು ಕಣ್ಣು ಮುಚ್ಚಿ ತೆರೆಯುವುದರಲ್ಲಿ ಕಳೆದುಹೋಗುತ್ತದೆ. ಒಂದೇ ಗಡಿಯಾರ, ತೊಟ್ಟಿಲಿನ ಪಕ್ಕದಲ್ಲಿ ನಿಧಾನವಾಗಿಯೂ ತಾಯಿಯ ಬಾಗಿಲಲ್ಲಿ ವೇಗವಾಗಿಯೂ ನಡೆಯುತ್ತದೆ.

ಮಿಸಿಸಿಪ್ಪಿಯ ಒಬ್ಬ ತಾಯಿಯ ಕಥೆಯಂತೂ ಲೆಕ್ಕದ ಪುಸ್ತಕದ ಕಥೆ. ಕಾನೂನಿನ ಗ್ರಂಥಗಳಲ್ಲಿ ಅವಳಿಗೆ ಹೆಸರಿಲ್ಲ, ಎಂ. ಎಲ್. ಬಿ. ಎಂಬ ಮೂರಕ್ಷರ ಮಾತ್ರ. ಅವಳಿಂದ ಬೇರೆಯಾದ ಗಂಡ ಮತ್ತೊಂದು ಮದುವೆಯಾಗಿ, ಇಬ್ಬರು ಮಕ್ಕಳನ್ನು ಎರಡನೆಯ ಹೆಂಡತಿಗೆ ದತ್ತು ಕೊಡಿಸಲು ಬಯಸಿದ. 1994ರ ಡಿಸೆಂಬರಿನಲ್ಲಿ ತಾಯಿಯ ಹಕ್ಕು ರದ್ದಾಯಿತು. ತೀರ್ಪಿನಲ್ಲಿ ಕಾಯಿದೆಯ ಮಾತುಗಳಿದ್ದುವು. ಆ ಮಾತುಗಳಿಗೆ ಆಧಾರವೇನೆಂಬುದನ್ನು ತೀರ್ಪು ವಿವರಿಸಲಿಲ್ಲ. ಅಪೀಲಿಗೆ 100 ಡಾಲರು ಶುಲ್ಕವನ್ನು ಅವಳು ಕಟ್ಟಿದಳು. ವಿಚಾರಣೆಯ ಕಾಗದಪತ್ರಗಳ ನಕಲು ತಯಾರಿಸಲು ಇನ್ನೂ 2,352 ಡಾಲರು 36 ಸೆಂಟು ಮುಂಗಡವಾಗಿ ಕೊಡಬೇಕೆಂದರು. ಅಷ್ಟು ಹಣ ಅವಳಲ್ಲಿರಲಿಲ್ಲ. ಹಣವಿಲ್ಲವಾದರೆ ಅಪೀಲಿಲ್ಲವೆಂದು ಮಿಸಿಸಿಪ್ಪಿಯ ನ್ಯಾಯಾಲಯ ಬಾಗಿಲು ಮುಚ್ಚಿತು. 1996ರ ಡಿಸೆಂಬರ್ 16ರಂದು ನ್ಯಾಯಮೂರ್ತಿ ರೂತ್ ಗಿನ್ಸ್‌ಬರ್ಗರು ಬರೆದ ತೀರ್ಪು ಆ ಬಾಗಿಲನ್ನು ತೆರೆಸಿತು: ತಾಯಿತನವನ್ನು ಕಡಿಯುವ ತೀರ್ಪಿನ ಮರುವಿಚಾರಣೆಯನ್ನು ಬಡತನದ ಕಾರಣಕ್ಕೆ ನಿರಾಕರಿಸುವಂತಿಲ್ಲ.

ನಮ್ಮ ದೇಶದಲ್ಲಿ ಈ ಬಗೆಯ ಪ್ರತ್ಯೇಕ ವ್ಯಾಜ್ಯ ಬೆಳೆದಿಲ್ಲ. 2015ರ ಬಾಲನ್ಯಾಯ ಕಾಯಿದೆಯಂತೆ, ಸಾಕಲಾರದೆ ಮಗುವನ್ನು ಮಕ್ಕಳ ಕಲ್ಯಾಣ ಸಮಿತಿಗೆ ಒಪ್ಪಿಸುವ ತಾಯಿಗೆ ಮನಸ್ಸು ಬದಲಾಯಿಸಲು ಎರಡು ತಿಂಗಳ ಅವಕಾಶವಿದೆ. ಅಜ್ಜಿ, ದೊಡ್ಡಮ್ಮ, ಸೋದರಮಾವ ಇವರೇ ನಮ್ಮಲ್ಲಿ ಬಹುಕಾಲ ನ್ಯಾಯಾಲಯದ ಕೆಲಸವನ್ನು ಮಾಡಿಕೊಂಡು ಬಂದರು. ಆ ಮನೆಗಳು ಚಿಕ್ಕವಾಗುತ್ತಿವೆಯೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಷೆಲ್ಲಿಯ ಮಕ್ಕಳೇನಾದರು? 1818ರ ಮಾರ್ಚಿಯಲ್ಲಿ ಇಟಲಿಗೆ ಹೊರಟ ತಂದೆ ಹಿಂದಿರುಗಲಿಲ್ಲ. 1822ರ ಜುಲೈ 8ರಂದು ಅವನ ದೋಣಿ ಮುಳುಗಿದಾಗ ಅವನಿಗೆ ಮೂವತ್ತು ತುಂಬಿರಲಿಲ್ಲ. ಚಾರ್ಲ್ಸ್ ಬಾಲಕನಾಗಿರುವಾಗಲೇ, 1826ರಲ್ಲಿ, ತೀರಿಕೊಂಡ. ಇಯಾಂಥೆ ಬೆಳೆದಳು, 1837ರಲ್ಲಿ ಎಸ್ಡೇಲ್ ಮನೆತನದವನೊಬ್ಬನನ್ನು ಮದುವೆಯಾದಳು, 1876ರವರೆಗೆ ಬಾಳಿದಳು. ಅವಳ ಬಳಿ ಒಂದು ಹಸ್ತಪ್ರತಿಯ ಪುಸ್ತಕವಿತ್ತು. ಅವಳು ಹುಟ್ಟುವ ಮೊದಲೂ ಹುಟ್ಟಿದ ಹೊಸತಿನಲ್ಲೂ ತಂದೆ ಬರೆದ ಕವಿತೆಗಳು ಅದರಲ್ಲಿದ್ದುವು; ಹಸುಗೂಸಾದ ಅವಳನ್ನೇ ಕುರಿತದ್ದೂ ಒಂದಿತ್ತು. ಅವಳಾದ ಮೇಲೆ ಆಕೆಯ ಸಂತತಿಯವರು ಅದನ್ನು ಕಾಪಾಡಿಕೊಂಡು ಬಂದರು. 1962ರಲ್ಲಿ ಅದು ಹರಾಜಿಗೆ ಬಂತು, 1964ರಲ್ಲಿ ಅಚ್ಚಾಯಿತು. ಅದರೊಳಗಿನ ಕೆಲವು ಕವಿತೆಗಳ ಅಕ್ಷರ ಷೆಲ್ಲಿಯದಲ್ಲ, ಹ್ಯಾರಿಯೆಟ್ಟಳದು.